ಶ್ನಿಟ್ಸೆಲ್: ಪದದ ಅರ್ಥ ತಿಳಿಯುವ, ಮೆನು ಓದುವ ಮತ್ತು ಕನ್ನಡದಲ್ಲಿ ಬಳಸುವ ಬಗೆ

ಓದಿಗೋ ಕೆಲಸಕ್ಕೋ ಜರ್ಮನಿ, ಆಸ್ಟ್ರಿಯಾಗಳಿಗೆ ಹೋಗುವ ಕನ್ನಡಿಗರಿಗೆ ವಿಶ್ವವಿದ್ಯಾಲಯದ ಮೆನ್ಸಾದಲ್ಲಿ, ಅಂದರೆ ವಿದ್ಯಾರ್ಥಿಗಳ ಕ್ಯಾಂಟೀನಿನಲ್ಲಿ, ಬಹಳ ಬೇಗ ಎದುರಾಗುವ ಪದಗಳಲ್ಲಿ ಶ್ನಿಟ್ಸೆಲ್ ಒಂದು. ಬ್ರೆಡ್ ಪುಡಿ ಹಚ್ಚಿ ಕರಿದ ಮಾಂಸದ ತೆಳುವಾದ ಹೋಳು ಎಂಬ ವಿವರಣೆ ಎಲ್ಲ ಕಡೆಯೂ ಸಿಗುತ್ತದೆ. ಅದು ತಪ್ಪಲ್ಲ, ಆದರೆ ಊಟಕ್ಕೆ ಕುಳಿತವರಿಗೆ ಅದು ಸಾಲುವುದಿಲ್ಲ. ಶ್ನಿಟ್ಸೆಲ್ ಎಂಬ ಪದ ಯಾವ ಪ್ರಾಣಿಯ ಮಾಂಸ ಎಂಬುದನ್ನು ಹೇಳುವುದಿಲ್ಲ. ಪುಡಿ ಹಚ್ಚಿದೆಯೋ ಇಲ್ಲವೋ ಎಂಬುದನ್ನೂ ಖಚಿತವಾಗಿ ಹೇಳುವುದಿಲ್ಲ. ಅದು ಹೇಳುವುದು ಕತ್ತರಿಸಿದ ರೀತಿಯನ್ನು ಮಾತ್ರ. ಉಳಿದ ಸಂಗತಿಗಳೆಲ್ಲ ಅದರ ಹಿಂದೆ ಮುಂದೆ ಸೇರಿಕೊಳ್ಳುವ ಪದಗಳಲ್ಲಿರುತ್ತವೆ. ಏನನ್ನು ತಿನ್ನಬಹುದು, ಏನನ್ನು ತಿನ್ನಬಾರದು ಎಂಬುದು ಮನೆಯ ಪದ್ಧತಿಗೂ ನಂಬಿಕೆಗೂ ಸೇರಿದ ವಿಷಯವಾಗಿರುವ ನಮ್ಮಂಥವರು ಆ ಪದಗಳನ್ನು ಓದಲು ಕಲಿಯುವುದು ಅಗತ್ಯವೆಂದು ನಾನು ನಂಬಿದ್ದೇನೆ.

ಮೂಲ ಅರ್ಥ

ಜರ್ಮನ್ ಭಾಷೆಯಲ್ಲಿ ಶ್ನೈಡೆನ್ ಎಂದರೆ ಕತ್ತರಿಸುವುದು. ಅದೇ ಮೂಲದಿಂದ ಬಂದ ಶ್ನಿಟ್ಸ್ ಎಂದರೆ ಕತ್ತರಿಸಿದ ಹೋಳು. ಅದಕ್ಕೆ ಚಿಕ್ಕದು ಎಂಬ ಅರ್ಥ ಕೊಡುವ ‘ಎಲ್’ ಪ್ರತ್ಯಯ ಸೇರಿದಾಗ ಶ್ನಿಟ್ಸೆಲ್, ಅಂದರೆ ಸಣ್ಣ ಹೋಳು, ಎಂದಾಗುತ್ತದೆ. ಹೋಳು ಮಾಂಸದ್ದೇ ಆಗಿರಬೇಕೆಂಬ ನಿಯಮ ಈ ಪದದಲ್ಲಿ ಎಲ್ಲಿಯೂ ಇಲ್ಲ. ಆದ್ದರಿಂದಲೇ ಜರ್ಮನಿಯಲ್ಲಿ ಕಾಗದದ ಚೂರುಗಳನ್ನು ಪಾಪೀರ್‌ಶ್ನಿಟ್ಸೆಲ್ ಎನ್ನುತ್ತಾರೆ, ಬಾಯ್ಲರಿನಲ್ಲಿ ಉರಿಸಲು ಯಂತ್ರದಿಂದ ಚೂರು ಮಾಡಿದ ಮರದ ಚಕ್ಕೆಗಳನ್ನು ಹಾಕ್‌ಶ್ನಿಟ್ಸೆಲ್ ಎನ್ನುತ್ತಾರೆ, ಸಕ್ಕರೆ ಕಾರ್ಖಾನೆಯಲ್ಲಿ ಬೀಟ್ ಗಡ್ಡೆಯನ್ನು ಸೀಳಿ ರಸ ತೆಗೆದ ಮೇಲೆ ದನಗಳ ಮೇವಿಗೆ ಹೋಗುವ ಎಳೆಗಳನ್ನು ರ್ಯೂಬೆನ್‌ಶ್ನಿಟ್ಸೆಲ್ ಎನ್ನುತ್ತಾರೆ. ಮಕ್ಕಳ ಹುಟ್ಟುಹಬ್ಬದ ಆಹ್ವಾನದಲ್ಲಿ ಶ್ನಿಟ್ಸೆಲ್‌ಯಾಗ್ಡ್ ಎಂದು ಬರೆದಿದ್ದರೆ ಅದಕ್ಕೂ ಊಟಕ್ಕೂ ಸಂಬಂಧವಿಲ್ಲ: ದಾರಿಯುದ್ದಕ್ಕೂ ಕಾಗದದ ಚೂರುಗಳನ್ನು ಹಾಕಿ ಹೋದವರನ್ನು ಉಳಿದವರು ಹುಡುಕುತ್ತ ಹೋಗುವ ಆಟ ಅದು. ಈಗ ಸುಳಿವುಗಳನ್ನು ಬಿಡಿಸುತ್ತ ನಿಧಿ ಹುಡುಕುವ ಆಟಕ್ಕೂ ಅದೇ ಹೆಸರಿದೆ.

ಸಮಾಸವನ್ನು ಬಿಡಿಸುವುದು

ಜರ್ಮನ್ ಮೆನುವಿನ ಉದ್ದನೆಯ ಪದಗಳು ಕನ್ನಡ ಶಾಲೆಯಲ್ಲಿ ವ್ಯಾಕರಣ ಓದಿದವರನ್ನು ಹೆದರಿಸಬೇಕಾಗಿಲ್ಲ. ತತ್ಪುರುಷ ಸಮಾಸದಲ್ಲಿ ಉತ್ತರಪದದ ಅರ್ಥ ಪ್ರಧಾನವೆಂದು ನಾವು ಕಲಿತಿದ್ದೇವೆ. ಜರ್ಮನ್ ಸಮಾಸಪದಗಳಲ್ಲಿ ಬಹುಪಾಲು ಇದೇ ನಿಯಮಕ್ಕೆ ಒಳಪಟ್ಟಿವೆ. ಕೊನೆಯ ಪದ ವಸ್ತು ಯಾವುದೆಂದು ತಿಳಿಸುತ್ತದೆ, ಮೊದಲ ಪದ ಅದು ಯಾವ ಬಗೆಯದೆಂದು ತಿಳಿಸುತ್ತದೆ. ಪದದ ಕೊನೆಯಲ್ಲಿ ಶ್ನಿಟ್ಸೆಲ್ ಇದ್ದರೆ ತಟ್ಟೆಗೆ ಬರುವುದು ಹೋಳು. ಮೊದಲಲ್ಲಿ ಶ್ನಿಟ್ಸೆಲ್ ಇದ್ದರೆ ಬರುವುದು ಬೇರೆ ವಸ್ತು: ಶ್ನಿಟ್ಸೆಲ್‌ಸೆಮ್ಮೆಲ್ ಎಂದರೆ ಶ್ನಿಟ್ಸೆಲ್ ಇಟ್ಟ ದುಂಡನೆಯ ಬನ್ನು. ಸೆಮ್ಮೆಲ್ ಎಂಬುದು ಆಸ್ಟ್ರಿಯಾ ಮತ್ತು ಬವೇರಿಯಾದವರ ಮಾತು. ಜರ್ಮನಿಯ ಉತ್ತರ ಭಾಗದಲ್ಲಿ ಅದೇ ತಿನಿಸು ಶ್ನಿಟ್ಸೆಲ್‌ಬ್ರ್ಯೋಟ್‌ಶೆನ್ ಆಗುತ್ತದೆ.

ಇನ್ನು ಪೂರ್ವಪದದ ಕಡೆಗೆ ಗಮನ ಕೊಡಬೇಕು. ಕಲ್ಪ್ ಎಂದರೆ ಕರು, ಶ್ವೈನ್ ಎಂದರೆ ಹಂದಿ, ರಿಂಟ್ ಎಂದರೆ ದನ, ಪೂಟೆ ಎಂದರೆ ಟರ್ಕಿ ಕೋಳಿ, ಹೇನ್‌ಶೆನ್ ಅಥವಾ ಹೂನ್ ಎಂದರೆ ನಮ್ಮ ಕೋಳಿ, ಸೆಲ್ಲರಿ ಎಂದರೆ ಸೆಲರಿ ಗಿಡದ ಗಡ್ಡೆ. ಈ ಆರನ್ನು ನೆನಪಿನಲ್ಲಿಟ್ಟರೆ ಕಲ್ಪ್ಸ್‌ಶ್ನಿಟ್ಸೆಲ್, ಶ್ವೈನೆಶ್ನಿಟ್ಸೆಲ್, ಪೂಟೆನ್‌ಶ್ನಿಟ್ಸೆಲ್ ಮುಂತಾದವು ತಾವಾಗಿಯೇ ಬಿಡಿಸಿಕೊಳ್ಳುತ್ತವೆ. ಕೆಲವು ಮೆನುಗಳಲ್ಲಿ ಪ್ರಾಣಿಯ ಹೆಸರು ಹಿಂದಿನಿಂದ, ‘ಫೋಮ್’ ಎಂಬ ಪದದ ಜೊತೆ ಬರುತ್ತದೆ. ಶ್ನಿಟ್ಸೆಲ್ ಫೋಮ್ ಶ್ವೈನ್ ಎಂದರೆ ಹಂದಿ ಮಾಂಸದ ಶ್ನಿಟ್ಸೆಲ್.

ಪೂರ್ವಪದ ಯಾವಾಗಲೂ ಮಾಂಸವನ್ನೇ ಸೂಚಿಸುತ್ತದೆಂದು ತಿಳಿಯಬಾರದು. ಕಿಂಡರ್‌ಶ್ನಿಟ್ಸೆಲ್ ಮಕ್ಕಳಿಗೆಂದು ಬಡಿಸುವ ಚಿಕ್ಕ ಅಳತೆಯದು. ರಾಮ್‌ಶ್ನಿಟ್ಸೆಲ್ ಕೆನೆಯ ಗೊಜ್ಜಿನೊಡನೆ ಬರುವುದು. ಯೇಗರ್ ಎಂದರೆ ಬೇಟೆಗಾರ. ಯೇಗರ್‌ಶ್ನಿಟ್ಸೆಲ್ ಅಣಬೆಯ ಗೊಜ್ಜು ಹಾಕಿದ್ದು, ಅದಕ್ಕೆ ಅನೇಕ ಕಡೆ ಪುಡಿ ಹಚ್ಚುವುದೇ ಇಲ್ಲ. ಆದರೆ ಹಿಂದಿನ ಪೂರ್ವ ಜರ್ಮನಿಯ ಭಾಗದಲ್ಲಿ ಇದೇ ಹೆಸರು ಕೇಳಿದರೆ ಯಾಗ್ಡ್‌ವುರ್ಸ್ಟ್ ಎಂಬ ದಪ್ಪ ಸಾಸೇಜಿನ ಬಿಲ್ಲೆಗೆ ಪುಡಿ ಹಚ್ಚಿ ಕರಿದು, ಟೊಮೆಟೊ ಗೊಜ್ಜು ಮತ್ತು ಪಾಸ್ತಾ ಜೊತೆಗೆ ಕೊಡುತ್ತಾರೆ. ಎರಡು ದೇಶವಾಗಿದ್ದ ಕಾಲದ ಅಡುಗೆ 1990ರ ಏಕೀಕರಣದ ನಂತರವೂ ಒಂದೇ ಹೆಸರಿನ ಕೆಳಗೆ ಎರಡಾಗಿಯೇ ಉಳಿದಿದೆ.

ನಾಟೂರ್‌ಶ್ನಿಟ್ಸೆಲ್ ಎಂಬುದು ಪುಡಿ ಹಚ್ಚದೆ ಹಾಗೆಯೇ ಹುರಿದ ಹೋಳು. ಪಾರೀಸರ್ ಶ್ನಿಟ್ಸೆಲ್‌ಗೆ ಹಿಟ್ಟು ಮತ್ತು ಮೊಟ್ಟೆ ಮಾತ್ರ ಇರುತ್ತವೆ, ಬ್ರೆಡ್ ಪುಡಿ ಇರುವುದಿಲ್ಲ. ಮ್ಯೂನ್‌ಶ್ನರ್ ಶ್ನಿಟ್ಸೆಲ್‌ನಲ್ಲಿ ಪುಡಿಯ ಕೆಳಗೆ ಸಾಸಿವೆ ಮತ್ತು ಖಾರದ ಹಾರ್ಸ್‌ರಾಡಿಷ್ ಬೇರಿನ ಲೇಪ ಇರುತ್ತದೆ. ಹೋಲ್‌ಸ್ಟೈನ್ ಶ್ನಿಟ್ಸೆಲ್ ಬರ್ಲಿನ್ನಿನ ರಾಜತಾಂತ್ರಿಕ ಫ್ರೀಡ್ರಿಶ್ ಫಾನ್ ಹೋಲ್‌ಸ್ಟೈನ್ (1837–1909) ಅವರ ಹೆಸರಿನದು. ಹೋಳಿನ ಮೇಲೆ ಕರಿದ ಮೊಟ್ಟೆ, ಜೊತೆಗೆ ಆಂಚೊವಿ ಮೀನು ಇರುತ್ತವೆ. ಕೋರ್ಡೋಂ ಬ್ಲೂ ಎಂಬುದರ ಹೆಸರಿನಲ್ಲಿ ಶ್ನಿಟ್ಸೆಲ್ ಎಂಬ ಪದವೇ ಇಲ್ಲದಿದ್ದರೂ ಅದು ಇದೇ ಜಾತಿಯದು. ಒಳಗೆ ಚೀಸ್ ಮತ್ತು ಹ್ಯಾಮ್ ತುಂಬಿರುತ್ತದೆ, ಹ್ಯಾಮ್ ಸಾಮಾನ್ಯವಾಗಿ ಹಂದಿಯದು. ಹೊರಗಿನ ಮಾಂಸ ಕೋಳಿಯದೆಂದು ಬರೆದಿದ್ದರೂ ಒಳಗಿನದನ್ನು ವಿಚಾರಿಸಲೇಬೇಕು.

ಒಂದು ಹೆಸರನ್ನು ಗುರುತಿಸಲು ತಿಳಿದಿರಬೇಕು, ಆದರೆ ನಾವು ಬಳಸಬಾರದು. ದೊಣ್ಣೆಮೆಣಸಿನಕಾಯಿಯ ಗೊಜ್ಜು ಹಾಕಿದ ಶ್ನಿಟ್ಸೆಲ್‌ಗೆ ಹಳೆಯ ಮೆನುಗಳಲ್ಲಿ ತ್ಸಿಗೊಯ್ನರ್‌ಶ್ನಿಟ್ಸೆಲ್ ಎಂಬ ಹೆಸರಿದೆ. ಅದರ ಪೂರ್ವಪದ ಸಿಂಟಿ ಮತ್ತು ರೋಮಾ ಸಮುದಾಯಗಳನ್ನು ಹೊರಗಿನವರು ಹೀನಾಯವಾಗಿ ಕರೆದ ಪದ. ನಾಜಿ ಆಡಳಿತ ಲಕ್ಷಾಂತರ ಜನರನ್ನು ಕೊಂದದ್ದು ಇದೇ ಹಣೆಪಟ್ಟಿ ಹಚ್ಚಿ. ಈಗ ಪಾಪ್ರಿಕಾಶ್ನಿಟ್ಸೆಲ್ ಎಂಬ ಹೆಸರು ಬಳಕೆಗೆ ಬಂದಿದೆ. ಕನ್ನಡದಲ್ಲಿ ಬರೆಯುವವರೂ ಅದನ್ನೇ ಬಳಸುವುದು ಸರಿ.

ವೀನರ್ ಎಂಬ ವಿಶೇಷಣ

ವೀನ್ ಎಂಬುದು ವಿಯೆನ್ನಾ ನಗರದ ಜರ್ಮನ್ ಹೆಸರು. ವೀನರ್ ಎಂದರೆ ಆ ನಗರದ್ದು. ವೀನರ್ ಶ್ನಿಟ್ಸೆಲ್ ಎಂಬ ಎರಡು ಪದಗಳು ಕೇವಲ ಊರಿನ ಹೆಸರಲ್ಲ, ಕಾನೂನಿನ ಬೆಂಬಲವಿರುವ ಹೆಸರು. ಆಸ್ಟ್ರಿಯಾದ ಆಹಾರ ಸಂಹಿತೆಯ ಪ್ರಕಾರವೂ ಜರ್ಮನಿಯ ಆಹಾರ ಮಾರ್ಗಸೂಚಿಯ ಪ್ರಕಾರವೂ ಬರಿದಾಗಿ ವೀನರ್ ಶ್ನಿಟ್ಸೆಲ್ ಎಂದು ಬರೆದರೆ ಅದು ಕರುವಿನ ಮಾಂಸದ್ದೇ ಆಗಿರಬೇಕು. ಹಂದಿಯದಾದರೆ ‘ವೀನರ್ ಶ್ನಿಟ್ಸೆಲ್ ಫೋಮ್ ಶ್ವೈನ್’ ಎಂದೋ ‘ಶ್ನಿಟ್ಸೆಲ್ ವೀನರ್ ಆರ್ಟ್’, ಅಂದರೆ ವಿಯೆನ್ನಾ ಶೈಲಿಯ ಶ್ನಿಟ್ಸೆಲ್, ಎಂದೋ ಬರೆಯಬೇಕು. ‘ಆರ್ಟ್’ ಎಂಬ ಚಿಕ್ಕ ಪದ ಕಂಡ ಕೂಡಲೇ ಇದು ಕರುವಿನದಲ್ಲ, ಬಹುಮಟ್ಟಿಗೆ ಹಂದಿಯದು ಎಂದು ಅರ್ಥ ಮಾಡಿಕೊಳ್ಳಬೇಕು. ವಿಯೆನ್ನಾದಲ್ಲಿ 1905ರಿಂದ ನಡೆಯುತ್ತಿರುವ ಪ್ರಸಿದ್ಧ ಫಿಗ್ಲ್‌ಮ್ಯೂಲರ್ ರೆಸ್ಟೋರೆಂಟಿನ ತಟ್ಟೆಯಿಂದ ಹೊರಚಾಚುವಷ್ಟು ದೊಡ್ಡ ಶ್ನಿಟ್ಸೆಲ್ ಹಂದಿ ಮಾಂಸದ್ದು. ಆದ್ದರಿಂದ ಅವರು ಅದನ್ನು ತಮ್ಮ ಮನೆತನದ ಹೆಸರಿನಿಂದಲೇ ಕರೆಯುತ್ತಾರೆ.

ದನದ ಮಾಂಸ ತಿನ್ನದವರು ಇಲ್ಲಿ ವಿಶೇಷವಾಗಿ ಎಚ್ಚರ ವಹಿಸಬೇಕು. ರಿಂಟ್ ಬೇಡವೆಂದು ಹೇಳಿದರೆ ಸಾಲದು, ಏಕೆಂದರೆ ಅಡುಗೆಯ ಮಾತಿನಲ್ಲಿ ಜರ್ಮನರು ದನದ ಮಾಂಸವನ್ನೂ ಕರುವಿನ ಮಾಂಸವನ್ನೂ ಬೇರೆ ಬೇರೆ ಹೆಸರಿನಿಂದ ಗುರುತಿಸುತ್ತಾರೆ. ‘ಇಶ್ ಎಸ್ಸೆ ಕೈನ್ ರಿಂಟ್ ಉಂಟ್ ಕೈನ್ ಕಲ್ಪ್’, ಅಂದರೆ ನಾನು ದನದ ಮಾಂಸವನ್ನೂ ಕರುವಿನ ಮಾಂಸವನ್ನೂ ತಿನ್ನುವುದಿಲ್ಲ, ಎಂದು ಎರಡನ್ನೂ ಹೆಸರಿಸಿ ಹೇಳಬೇಕು.

ವೀನರ್ ಎಂಬ ಪದ ಒಂಟಿಯಾಗಿ ಬಂದರೆ ಅರ್ಥ ಬದಲಾಗುತ್ತದೆ. ಜರ್ಮನಿಯಲ್ಲಿ ವೀನರ್ ಎಂದರೆ ತೆಳ್ಳನೆಯ ಸಾಸೇಜು; ಅದೇ ಸಾಸೇಜನ್ನು ವಿಯೆನ್ನಾದವರು ಫ್ರಾಂಕ್‌ಫುರ್ಟರ್ ಎನ್ನುತ್ತಾರೆ. ಅಮೆರಿಕದಲ್ಲಿ 1961ರಲ್ಲಿ ಆರಂಭವಾದ ವೀನರ್‌ಶ್ನಿಟ್ಸೆಲ್ ಎಂಬ ಅಂಗಡಿಗಳ ಸರಣಿ ಹೆಸರಾದದ್ದು ಹಾಟ್ ಡಾಗ್ ಮಾರಾಟಕ್ಕೆ.

ವೀನರ್ ಶ್ನಿಟ್ಸೆಲ್ ಖಾದ್ಯವನ್ನು ಆಸ್ಟ್ರಿಯಾದ ಸೇನಾಧಿಪತಿ ಯೋಸೆಫ್ ರಾಡೆಟ್ಸ್ಕಿ 19ನೇ ಶತಮಾನದಲ್ಲಿ ಇಟಲಿಯ ಮಿಲಾನಿನಿಂದ ವಿಯೆನ್ನಾಕ್ಕೆ ತಂದರೆಂಬ ಕತೆಯನ್ನು ಅನೇಕರು ಇತಿಹಾಸವೆಂಬಂತೆ ಉದ್ಧರಿಸುತ್ತಾರೆ. ಅದಕ್ಕೆ ಆ ಕಾಲದ ದಾಖಲೆಗಳ ಆಧಾರವಿಲ್ಲವೆಂದು ಆಸ್ಟ್ರಿಯಾದ ಭಾಷಾಶಾಸ್ತ್ರಜ್ಞ ಹೈನ್ಸ್ ಡೀಟರ್ ಪೋಲ್ ತೋರಿಸಿದ್ದಾರೆ. ಬರೆಯುವವರು ಅದನ್ನು ದಂತಕತೆ ಎಂದೇ ಹೇಳಬೇಕು. ಮಿಲಾನಿನ ಕೊತೊಲೆತ್ತಾ ಮೂಳೆಯ ಸಹಿತ ಕತ್ತರಿಸಿದ ಕರುವಿನ ಮಾಂಸ, ವಿಯೆನ್ನಾದ್ದು ಮೂಳೆ ಇಲ್ಲದ್ದು.

ಸಸ್ಯಾಹಾರಿಗಳು ಗಮನಿಸಬೇಕಾದದ್ದು

ಮೆನುವಿನಲ್ಲಿ ‘ಪಾನೀರ್ಟ್’ ಎಂಬ ಪದ ಮೇಲಿಂದ ಮೇಲೆ ಬರುತ್ತದೆ. ಲ್ಯಾಟಿನ್ ಅಕ್ಷರಗಳಲ್ಲಿ ನೋಡಿದಾಗಲೂ ಕಿವಿಯಲ್ಲಿ ಕೇಳಿದಾಗಲೂ ಅದು ನಮ್ಮ ಪನೀರನ್ನೇ ನೆನಪಿಸುತ್ತದೆ. ಆದರೆ ಅದರ ಅರ್ಥ ಬ್ರೆಡ್ ಪುಡಿಯ ಹೊದಿಕೆ ಇರುವ ಎಂದು ಮಾತ್ರ. ಆಸ್ಟ್ರಿಯಾದಲ್ಲಿ ಆ ಹೊದಿಕೆಗೇ ಪಾನೀರ್ ಎಂಬ ಹೆಸರು. ಪದದ ಮೂಲ ಫ್ರೆಂಚಿನದು, ಬ್ರೆಡ್ಡಿಗೆ ಸಂಬಂಧಿಸಿದ್ದು. ಹಾಲಿನ ಪನೀರಿಗೂ ಅದಕ್ಕೂ ಯಾವ ನಂಟೂ ಇಲ್ಲ. ಪಾನೀರ್ಟ್ ಎಂದು ಓದಿ ಪನೀರಿನ ಖಾದ್ಯವೆಂದು ಭಾವಿಸಿದ ಸಸ್ಯಾಹಾರಿಗೆ ಬರುವುದು ಮಾಂಸವಾಗಿರಬಹುದು.

ಸೆಲ್ಲರಿಶ್ನಿಟ್ಸೆಲ್, ಸೋಯಾ ಶ್ನಿಟ್ಸೆಲ್, ತರಕಾರಿಯ ಗೆಮ್ಯೂಸೆಶ್ನಿಟ್ಸೆಲ್ ಇವು ಮಾಂಸವಿಲ್ಲದವು. ‘ವೆಗೆಟಾರಿಶ್’ ಎಂದು ಬರೆದಿದ್ದರೂ ಪುಡಿ ಅಂಟಲು ಮೊಟ್ಟೆ ಬಳಸಿರುತ್ತಾರೆ, ಏಕೆಂದರೆ ಅಲ್ಲಿ ಸಸ್ಯಾಹಾರವೆಂದರೆ ಮೊಟ್ಟೆ ಸೇರಿದ ಆಹಾರ. ಮೊಟ್ಟೆಯನ್ನೂ ತಿನ್ನದವರು ‘ವೆಗಾನ್’ ಎಂಬ ಪದವನ್ನು ಹುಡುಕಬೇಕು, ಅಥವಾ ‘ಇಸ್ಟ್ ಆಯ್ ದ್ರಿನ್?’, ಅಂದರೆ ಇದರಲ್ಲಿ ಮೊಟ್ಟೆ ಇದೆಯೇ, ಎಂದು ಕೇಳಬೇಕು. ಯುರೋಪಿಯನ್ ಒಕ್ಕೂಟದಲ್ಲಿ 14 ಬಗೆಯ ಅಲರ್ಜಿಕಾರಕಗಳನ್ನು ಗ್ರಾಹಕರಿಗೆ ತಿಳಿಸುವುದು ಕಡ್ಡಾಯ. ಆಸ್ಟ್ರಿಯಾದ ಮೆನುಗಳಲ್ಲಿ ಇದಕ್ಕಾಗಿ ಅಕ್ಷರಗಳನ್ನು ಬಳಸುತ್ತಾರೆ: ಎ ಎಂದರೆ ಗೋಧಿ ಮೊದಲಾದ ಗ್ಲುಟೆನ್ ಧಾನ್ಯ, ಸಿ ಎಂದರೆ ಮೊಟ್ಟೆ, ಜಿ ಎಂದರೆ ಹಾಲು. ಶ್ನಿಟ್ಸೆಲ್‌ನ ಮುಂದೆ ಸಾಮಾನ್ಯವಾಗಿ ಈ ಮೂರೂ ಇರುತ್ತವೆ. ಜರ್ಮನಿಯಲ್ಲಿ ಸಂಕೇತಗಳು ಹೋಟೆಲಿನಿಂದ ಹೋಟೆಲಿಗೆ ಬೇರೆಯಾಗಬಹುದಾದ್ದರಿಂದ ಮೆನುವಿನ ಕೊನೆಯ ಪುಟದ ಪಟ್ಟಿಯನ್ನು ನೋಡಿಯೇ ಓದಬೇಕು.

ಕರಿಯುವ ಜಿಡ್ಡಿನ ಬಗ್ಗೆಯೂ ಕೇಳುವುದು ಒಳ್ಳೆಯದು. ಬುಟರ್‌ಶ್ಮಾಲ್ಟ್ಸ್ ಎಂದರೆ ಬೆಣ್ಣೆ ಕಾಯಿಸಿದ ತುಪ್ಪ, ಶ್ವೈನೆಶ್ಮಾಲ್ಟ್ಸ್ ಎಂದರೆ ಹಂದಿಯ ಕೊಬ್ಬು. ಎರಡರಲ್ಲೂ ಕರಿಯುವ ಸಂಪ್ರದಾಯವಿದೆ, ಬರೀ ‘ಶ್ಮಾಲ್ಟ್ಸ್’ ಎಂದು ಹೇಳಿದರೆ ಯಾವುದೆಂದು ತಿಳಿಯುವುದಿಲ್ಲ. ಸಣ್ಣ ಅಡುಗೆಮನೆಗಳಲ್ಲಿ ತರಕಾರಿಯದನ್ನೂ ಮಾಂಸದ್ದನ್ನೂ ಒಂದೇ ಎಣ್ಣೆಯಲ್ಲಿ ಕರಿಯುವ ಸಾಧ್ಯತೆಯೂ ಇದೆ. ಪ್ರಶ್ನೆ ಕೇಳಿದ್ದಕ್ಕೆ ಸಂಕೋಚಪಡಬೇಕಾದ ಅಗತ್ಯವಿಲ್ಲ.

ದೇಶದಿಂದ ದೇಶಕ್ಕೆ

ವಿಶೇಷಣವಿಲ್ಲದೆ ಶ್ನಿಟ್ಸೆಲ್ ಎಂದಾಗ ಜನ ಏನನ್ನು ಭಾವಿಸುತ್ತಾರೆ ಎಂಬುದು ದೇಶದೊಂದಿಗೆ ಬದಲಾಗುತ್ತದೆ. ಜರ್ಮನಿಯ ಸಾಮಾನ್ಯ ಊಟದ ಮನೆಗಳಲ್ಲಿ ಅದು ಹೆಚ್ಚಾಗಿ ಹಂದಿಯದು. ಇಸ್ರೇಲಿನಲ್ಲಿ ಕೋಳಿ ಅಥವಾ ಟರ್ಕಿ ಕೋಳಿಯದು. ಯಹೂದಿ ಆಹಾರ ನಿಯಮದಂತೆ ಮಾಂಸವನ್ನು ಹಾಲಿನ ಪದಾರ್ಥದೊಡನೆ ಬೆರೆಸಬಾರದಾದ್ದರಿಂದ ಅಲ್ಲಿ ಬೆಣ್ಣೆಯ ಬದಲು ಎಣ್ಣೆ ಬಂದಿದೆ, ಪೀಟಾ ರೊಟ್ಟಿಯೊಳಗೆ ಇಟ್ಟು ತಿನ್ನುವ ರೂಢಿ ಬೆಳೆದಿದೆ. ಆಸ್ಟ್ರೇಲಿಯಾದ ಪಬ್ಬುಗಳಲ್ಲಿ ಇದಕ್ಕೆ ಶ್ನಿಟಿ ಎಂಬ ಮುದ್ದಿನ ಹೆಸರಿದೆ. ಮೇಲೆ ಟೊಮೆಟೊ ಗೊಜ್ಜು ಮತ್ತು ಚೀಸ್ ಹಾಕಿದರೆ ಅದು ಪಾರ್ಮಾ ಅಥವಾ ಪಾರ್ಮಿ ಆಗುತ್ತದೆ. ಇರಾನಿನಲ್ಲಿಯೂ ಟರ್ಕಿಯಲ್ಲಿಯೂ ಪದ ಅಲ್ಪಸ್ವಲ್ಪ ಉಚ್ಚಾರಣೆ ಬದಲಿಸಿಕೊಂಡು ಬಳಕೆಯಲ್ಲಿದೆ. ಅರ್ಜೆಂಟೀನಾದ ಮಿಲನೇಸಾ, ಪೋಲೆಂಡಿನ ಕೊಟ್ಲೆಟ್ ಸ್ಖಬೋವಿ, ಜಪಾನಿನ ತೊಂಕತ್ಸು ಇವು ಇದೇ ಬಗೆಯ ಖಾದ್ಯಗಳು. ಆದರೆ ಅವುಗಳಿಗೆ ತಮ್ಮದೇ ಹೆಸರುಗಳಿರುವಾಗ ಎಲ್ಲವನ್ನೂ ಶ್ನಿಟ್ಸೆಲ್ ಎಂದು ಕರೆಯುವುದು ಸಮಂಜಸವಲ್ಲ.

ಕರ್ನಾಟಕದಲ್ಲಿ 2020ರ ಜಾನುವಾರು ಹತ್ಯೆ ಪ್ರತಿಬಂಧಕ ಕಾನೂನು ಕರುಗಳ ಹತ್ಯೆಯನ್ನು ನಿಷೇಧಿಸುತ್ತದೆ. ಆದ್ದರಿಂದ ಆಸ್ಟ್ರಿಯಾದ ವ್ಯಾಖ್ಯೆಗೆ ಒಪ್ಪುವ ವೀನರ್ ಶ್ನಿಟ್ಸೆಲ್ ಅನ್ನು ಇಲ್ಲಿನ ಮಾಂಸದಿಂದ ಮಾಡಲಾಗದು. ಬೆಂಗಳೂರಿನ ಹೋಟೆಲಿನವರು ಕೋಳಿಯಲ್ಲಿ ಮಾಡಿದ್ದಕ್ಕೆ ಚಿಕನ್ ಶ್ನಿಟ್ಸೆಲ್ ಎಂದು ಬರೆದರೆ ಅದು ಪ್ರಾಮಾಣಿಕವಾದ ಹೆಸರು.

ಮನೆಯಲ್ಲಿ ಮಾಡುವಾಗ

ಇಬ್ಬರಿಗೆ ಸುಮಾರು 150 ಗ್ರಾಂ ತೂಕದ ಕೋಳಿಯ ಎದೆಮಾಂಸದ 2 ತುಂಡುಗಳು ಸಾಕು. ದಪ್ಪ ತುಂಡನ್ನು ಅಡ್ಡಲಾಗಿ ಪೂರ್ತಿ ಬೇರ್ಪಡದಂತೆ ಸೀಳಿ, ಪುಸ್ತಕದ ಹಾಗೆ ತೆರೆದು, ಎರಡು ಪ್ಲಾಸ್ಟಿಕ್ ಹಾಳೆಗಳ ನಡುವೆ ಇಟ್ಟು, ಲಟ್ಟಣಿಗೆಯ ಮೈಯಿಂದ ಮೆಲ್ಲನೆ ಬಡಿದು ಎಲ್ಲ ಕಡೆ ಸಮನಾಗಿ 4–5 ಮಿಲಿಮೀಟರ್ ದಪ್ಪಕ್ಕೆ ತರಬೇಕು. ನಂತರ ಉಪ್ಪು ಹಚ್ಚಿ, ಮೈದಾದಲ್ಲಿ ಹೊರಳಿಸಿ ಹೆಚ್ಚಿನದನ್ನು ಕೊಡವಿ, ಕದಡಿದ ಮೊಟ್ಟೆಯಲ್ಲಿ ಅದ್ದಿ, ಒಣ ಬ್ರೆಡ್ಡಿನ ಸಣ್ಣ ಪುಡಿಯಲ್ಲಿ ಹೊರಳಿಸಬೇಕು.

ಮಂಗಳೂರು, ಉಡುಪಿಗಳ ರವಾ ಫ್ರೈ ಮಾಡಿ ರೂಢಿಯಿರುವವರು ರವೆಯನ್ನು ಮೀನಿಗೆ ಒತ್ತಿ ಹಚ್ಚುತ್ತಾರೆ. ಇಲ್ಲಿ ಅದಕ್ಕೆ ವಿರುದ್ಧವಾಗಿ ಪುಡಿಯನ್ನು ಒತ್ತಲೇಬಾರದು. ಸಡಿಲವಾಗಿ ಕೂತ ಪುಡಿ ಮತ್ತು ಮೊಟ್ಟೆಯ ಪದರದ ಕೆಳಗೆ ಹಬೆ ಸೇರಿಕೊಂಡು ಹೊದಿಕೆ ಮಾಂಸದಿಂದ ಬಿಡಿಸಿಕೊಂಡು ಅಲೆಅಲೆಯಾಗಿ ಉಬ್ಬುತ್ತದೆ, ಒಳ್ಳೆಯ ಶ್ನಿಟ್ಸೆಲ್‌ನ ಲಕ್ಷಣವೇ ಅದು. ಪುಡಿ ಹಚ್ಚಿದ ಮೇಲೆ ಹಾಗೆಯೇ ಬಹಳ ಹೊತ್ತು ಇಡಬಾರದು, ಹೊದಿಕೆ ಒದ್ದೆಯಾಗಿ ಅಂಟುತ್ತದೆ. ಅಗಲವಾದ ಬಾಣಲೆಯಲ್ಲಿ ಹೋಳು ತೇಲುವಷ್ಟು ತುಪ್ಪವನ್ನೋ ಎಣ್ಣೆಯನ್ನೋ ಸುಮಾರು 170 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಬೇಕು. ಉಷ್ಣಮಾಪಕ ಇಲ್ಲದಿದ್ದರೆ ಚಿಟಿಕೆ ಪುಡಿ ಹಾಕಿ ನೋಡಬಹುದು: ಅದು ಕೂಡಲೇ ಗುಳ್ಳೆಯೊಡನೆ ಮೇಲೆದ್ದು, ಕಪ್ಪಾಗದೆ ಇದ್ದರೆ ಕಾವು ಸರಿಯಿದೆ. ಕರಿಯುವಾಗ ಬಾಣಲೆಯನ್ನು ಎಚ್ಚರಿಕೆಯಿಂದ ಆಗಾಗ ಅಲುಗಿಸುತ್ತ ಬಿಸಿ ಜಿಡ್ಡು ಮೇಲ್ಮೈಯ ಮೇಲೂ ಹರಿಯುವಂತೆ ಮಾಡಬೇಕು. ಪ್ರತಿ ಬದಿಗೆ ಸುಮಾರು 2 ನಿಮಿಷದಲ್ಲಿ ಹೊಂಬಣ್ಣ ಬರುತ್ತದೆ. ಕೋಳಿಯ ಒಳಭಾಗ ಪೂರ್ತಿ ಬೆಂದಿರುವುದನ್ನು ನೋಡಿಯೇ ಇಳಿಸಬೇಕು. ನಿಂಬೆಯ ಹೋಳು ಮತ್ತು ಆಲೂಗಡ್ಡೆ ಸಲಾಡ್ ಜೊತೆಗಿದ್ದರೆ ಸಾಕು. ವಿಯೆನ್ನಾ ರೀತಿಯ ಶ್ನಿಟ್ಸೆಲ್ ಮೇಲೆ ಗೊಜ್ಜು ಸುರಿಯುವುದು ನನಗೆ ಒಪ್ಪಿಗೆಯಾಗುವುದಿಲ್ಲ, ಅಷ್ಟು ಶ್ರಮಪಟ್ಟು ಗರಿಗರಿಯಾಗಿಸಿದ ಹೊದಿಕೆ ಅದರಿಂದ ಮೆತ್ತಗಾಗುತ್ತದೆ.

ಸೆಲರಿ ಗಡ್ಡೆ ಸಿಗದ ಊರಿನಲ್ಲಿ ಸುವರ್ಣಗಡ್ಡೆಯನ್ನು ಅರ್ಧ ಬೆರಳು ದಪ್ಪದ ಬಿಲ್ಲೆಗಳಾಗಿ ಕತ್ತರಿಸಿ, ಹುಣಸೆ ನೀರಿನಲ್ಲಿ ಬೇಯಿಸಿ ಒರೆಸಿ, ಇದೇ ಕ್ರಮದಲ್ಲಿ ಕರಿಯಬಹುದು. ಮೊಟ್ಟೆ ಬೇಡವಾದರೆ ಮೈದಾವನ್ನು ದೋಸೆ ಹಿಟ್ಟಿನ ಹದಕ್ಕೆ ನೀರಿನಲ್ಲಿ ಕಲಸಿ ಅದರಲ್ಲಿ ಅದ್ದಿದರೆ ಪುಡಿ ಅಂಟುತ್ತದೆ, ಆದರೆ ಹೊದಿಕೆ ಉಬ್ಬುವುದಿಲ್ಲ.

ಕನ್ನಡದಲ್ಲಿ ಬರೆಯುವ ಕ್ರಮ

ಜರ್ಮನ್ನಿನಲ್ಲಿ ಪದದ ಮೊದಲ ಮೂರು ಅಕ್ಷರಗಳು ಸೇರಿ ‘ಶ’ ಧ್ವನಿಯಾಗುತ್ತವೆ, ಝೆಡ್ ಅಕ್ಷರ ‘ಟ್ಸ’ ಆಗುತ್ತದೆ. ಆದ್ದರಿಂದ ಸ್ಕ್ನಿಟ್ಜೆಲ್, ಶ್ನಿಟ್ಜೆಲ್ ಎಂಬ ರೂಪಗಳು ಇಂಗ್ಲಿಷ್ ಅಕ್ಷರಗಳನ್ನು ಕಣ್ಣಿನಿಂದ ಓದಿ ಬರೆದವು. ಶ್ನಿಟ್ಸೆಲ್ ಎಂಬುದು ಉಚ್ಚಾರಣೆಗೆ ಹತ್ತಿರವಾದದ್ದು. ತಿನಿಸಿನ ಅರ್ಥದಲ್ಲಿ ಜರ್ಮನ್ನಿನಲ್ಲಿಯೂ ಪದ ನಪುಂಸಕಲಿಂಗದ್ದೇ. ಅಲ್ಲಿ ಏಕವಚನಕ್ಕೂ ಬಹುವಚನಕ್ಕೂ ಒಂದೇ ರೂಪ; ನಾವೂ ಎರಡು ಶ್ನಿಟ್ಸೆಲ್ ಕೊಡಿ ಎಂದೇ ಹೇಳಬಹುದು, ಬರವಣಿಗೆಯಲ್ಲಿ ಅಗತ್ಯವಿದ್ದಾಗ ಶ್ನಿಟ್ಸೆಲ್‌ಗಳು ಎನ್ನಬಹುದು. ಹೋಟೆಲಿನ ಎಂಬಂತೆ ಶ್ನಿಟ್ಸೆಲಿನ ಎಂದರೂ ಸರಿ, ಶ್ನಿಟ್ಸೆಲ್‌ನ ಎಂದರೂ ಸರಿ, ಆದರೆ ಒಂದು ಬರಹದಲ್ಲಿ ಒಂದನ್ನೇ ಇಟ್ಟುಕೊಳ್ಳಬೇಕು.

ಅನುವಾದಕರು ಇದನ್ನು ಕಟ್ಲೆಟ್ ಎಂದು ಬರೆದು ಮುಂದೆ ಹೋಗುವುದುಂಟು. ಇಂಗ್ಲಿಷಿನ ಕಟ್ಲೆಟ್ ಫ್ರೆಂಚಿನ ಪಕ್ಕೆಲುಬು ಎಂಬ ಅರ್ಥದ ಪದದಿಂದ ಬಂದು ಮಾಂಸದ ಹೋಳನ್ನೇ ಸೂಚಿಸುತ್ತದೆ, ನಿಜ. ಆದರೆ ನಮ್ಮ ರೈಲುಗಳಲ್ಲಿ, ಬೇಕರಿಗಳಲ್ಲಿ ಕಟ್ಲೆಟ್ ಎಂದರೆ ಬೇಯಿಸಿ ಹಿಸುಕಿದ ಆಲೂಗಡ್ಡೆ, ತರಕಾರಿ ಅಥವಾ ಖೀಮಾವನ್ನು ತಟ್ಟಿ ಕರಿದದ್ದು. ಕನ್ನಡ ಓದುಗರ ಕಣ್ಣಮುಂದೆ ಬರುವುದು ಅದೇ. ಮೊದಲ ಬಾರಿ ಬಳಸುವಾಗ ‘ಬಡಿದು ತೆಳುವಾಗಿಸಿ, ಬ್ರೆಡ್ ಪುಡಿ ಹಚ್ಚಿ ಕರಿದ ಮಾಂಸದ ಹೋಳು’ ಎಂದು ಒಮ್ಮೆ ವಿವರಿಸಿ, ಅನಂತರ ಶ್ನಿಟ್ಸೆಲ್ ಎಂದೇ ಬರೆಯುವುದು ಉತ್ತಮ. ಮೂಲದಲ್ಲಿ ಕರು, ಹಂದಿ, ಕೋಳಿ ಎಂಬ ಸೂಚನೆ ಇದ್ದರೆ ಅದನ್ನು ಬಿಡಬಾರದು. ಮೂಲದ ವಾಕ್ಯ ಕಾಗದ, ಮರ ಅಥವಾ ಬೀಟ್ ಗಡ್ಡೆಗೆ ಸಂಬಂಧಿಸಿದ್ದಾದರೆ ಶ್ನಿಟ್ಸೆಲ್ ಎಂಬ ಪದವನ್ನು ತರಲೇಬಾರದು. ಚೂರು, ಚಕ್ಕೆ, ಸೀಳು ಎಂಬ ನಮ್ಮ ಪದಗಳಲ್ಲಿ ಹೊಂದುವುದನ್ನು ಆರಿಸಿಕೊಳ್ಳಬೇಕು.